ನಿಲ್ಲಬಲ್ಲ ಸ್ನಾಯು, ನಿಲ್ಲಲಾಗದ ಸ್ನಾಯು

(ದತ್ತಿ ಉಪನ್ಯಾಸದ ಮುದ್ರಿತ ಪಾಠ)



2021ರ ಅಕ್ಟೋಬರ್ 29ರಂದು ನಟ ಪುನೀತ್ ರಾಜ್‌ಕುಮಾರ್ 46ನೇ ವಯಸ್ಸಿನಲ್ಲಿ ತೀರಿಕೊಂಡರು. ಆಮೇಲಿನ ಕೆಲವು ದಿನ ಬೆಂಗಳೂರಿನ ಜಯದೇವ ಹೃದ್ರೋಗ ಸಂಸ್ಥೆಯ ಹೊರರೋಗಿ ವಿಭಾಗದಲ್ಲಿ ಜನ ಕಿಕ್ಕಿರಿದರು. ಬಂದವರಲ್ಲಿ ಯಾವ ತೊಂದರೆಯೂ ಇಲ್ಲದ ಹುಡುಗರೇ ಬಹಳ. ಒಬ್ಬರ ಸಾವಿನ ಕಾರಣವನ್ನು ವೇದಿಕೆಯ ಮೇಲೆ ನಿಂತು ಊಹಿಸುವುದು ಸಲ್ಲದು, ಆ ಕೆಲಸವನ್ನು ನಾನು ಮಾಡುವುದಿಲ್ಲ. ಆದರೆ ಆ ದಿನಗಳಲ್ಲಿ ಮನೆಮನೆಯಲ್ಲೂ ಎದ್ದ ಪ್ರಶ್ನೆಯನ್ನು ಮಾತ್ರ ಕೈಬಿಡಬಾರದು. ಮೈಮುರಿದು ದುಡಿದರೆ ಹೃದಯವೂ ದಣಿಯುತ್ತದೆಯೇ? ಕಾಲು ಸೋತರೆ ನಾವು ಕೂರುತ್ತೇವೆ. ಹೃದಯ ಸೋತರೆ ಅದು ಎಲ್ಲಿ ಕೂರಬೇಕು?

ಶರೀರಕ್ರಿಯಾಶಾಸ್ತ್ರವನ್ನು ಪಾಠ ಹೇಳಿಕೊಂಡೇ ಬಾಳಿದವನು ನಾನು. ಈ ಪ್ರಶ್ನೆಗೆ ನನ್ನ ಉತ್ತರವನ್ನು ಮೊದಲೇ ಹೇಳಿಬಿಡುತ್ತೇನೆ. ಕೈಕಾಲಿನ ಸ್ನಾಯುವಿಗೆ ದಣಿವೇ ಕಾವಲು. ಮಿತಿ ಮೀರುವ ಮುನ್ನ ಅದು ಕೈಚೆಲ್ಲುತ್ತದೆ, ಅದರಿಂದಲೇ ಉಳಿದುಕೊಳ್ಳುತ್ತದೆ. ಹೃದಯಕ್ಕೆ ಕೈಚೆಲ್ಲುವ ಹಾಗಿಲ್ಲ. ಅದರ ವಿಶ್ರಾಂತಿ ಪ್ರತಿ ಬಡಿತದ ಒಳಗೇ ಅಡಗಿದೆ. ಆ ವಿಶ್ರಾಂತಿ ಕಡಿಮೆಯಾದಾಗ ಅದು ದೂರು ಹೇಳುವುದಿಲ್ಲ, ಮೊದಲು ಹೊಂದಿಕೊಳ್ಳುತ್ತದೆ, ಆಮೇಲೆ ಬೆಳೆಯುತ್ತದೆ, ಕಡೆಗೆ ಸೋಲುತ್ತದೆ. ಈ ವ್ಯತ್ಯಾಸ ಗೊತ್ತಿಲ್ಲದೆ ವೈದ್ಯಲೋಕವೇ ಬಹುಕಾಲ ದಾರಿ ತಪ್ಪಿತ್ತು. ಆ ಕಥೆಗೂ ಬರುತ್ತೇನೆ.

ಮೊದಲು ಎರಡರ ನಂಟು. ತೊಡೆಯ ಸ್ನಾಯುವಿನ ಒಂದು ಎಳೆಯನ್ನೋ ಹೃದಯದ ಸ್ನಾಯುವಿನ ಒಂದು ಎಳೆಯನ್ನೋ ಸೂಕ್ಷ್ಮದರ್ಶಕದಡಿ ಇಟ್ಟು ನೋಡಿದರೆ ಎರಡರಲ್ಲೂ ಒಂದೇ ಬಗೆಯ ಅಡ್ಡ ಪಟ್ಟಿಗಳು ಕಾಣುತ್ತವೆ. ಸ್ನಾಯು ಕುಗ್ಗುವಾಗ ಈ ಪಟ್ಟಿಗಳಲ್ಲಿ ಏನಾಗುತ್ತದೆ ಎಂಬುದನ್ನು 1954ರಲ್ಲಿ ಎರಡು ತಂಡಗಳು 'ನೇಚರ್' ಪತ್ರಿಕೆಯ ಒಂದೇ ಸಂಚಿಕೆಯಲ್ಲಿ ಪ್ರಕಟಿಸಿದವು. ಒಂದು ಕಡೆ ಆಂಡ್ರ್ಯೂ ಹಕ್ಸ್‌ಲಿ ಮತ್ತು ರಾಲ್ಫ್ ನೀಡರ್‌ಗೆರ್ಕೆ, ಇನ್ನೊಂದು ಕಡೆ ಹ್ಯೂ ಹಕ್ಸ್‌ಲಿ ಮತ್ತು ಜೀನ್ ಹ್ಯಾನ್ಸನ್. ಇಬ್ಬರು ಹಕ್ಸ್‌ಲಿಗಳಿಗೂ ನೆಂಟಸ್ತಿಕೆ ಇಲ್ಲ. ಅವರು ಕಂಡದ್ದು ಇಷ್ಟು: ಮಯೋಸಿನ್ ಎಂಬ ದಪ್ಪ ಎಳೆ, ಆಕ್ಟಿನ್ ಎಂಬ ತೆಳು ಎಳೆ, ಇವೆರಡೂ ಕುಗ್ಗುವುದಿಲ್ಲ, ಒಂದರ ಮೇಲೊಂದು ಜಾರುತ್ತವೆ. ಮಯೋಸಿನ್ನಿನ ತಲೆಗಳು ಆಕ್ಟಿನ್ನನ್ನು ಹಿಡಿದು ಎಳೆಯುತ್ತವೆ, ಬಿಡುತ್ತವೆ, ಮತ್ತೆ ಮುಂದಕ್ಕೆ ಹಿಡಿಯುತ್ತವೆ. ಹಿಡಿ ಎಂದು ಹೇಳುವುದು ಕ್ಯಾಲ್ಸಿಯಂ. ಖರ್ಚಾಗುವುದು ಎಟಿಪಿ ಎಂಬ ಇಂಧನ. ಹಿಡಿತ ಬಿಡಬೇಕಾದರೂ ಎಟಿಪಿ ಬೇಕೇ ಬೇಕು. ಸತ್ತ ದೇಹ ಮರಗಟ್ಟುವುದು ಅದು ಮುಗಿದುಹೋದದ್ದರಿಂದಲೇ. ದುಡಿಯಲು ಮಾತ್ರವಲ್ಲದೆ ಸಡಿಲವಾಗಲೂ ಖರ್ಚಿದೆ ಎಂಬ ಈ ಮಾತನ್ನು ವಿದ್ಯಾರ್ಥಿಗಳು ನೆನಪಿಟ್ಟುಕೊಳ್ಳಬೇಕು, ಹೃದಯದ ವಿಷಯಕ್ಕೆ ಬಂದಾಗ ಅದು ಬೇಕಾಗುತ್ತದೆ.

ಯಂತ್ರ ಒಂದೇ ಆದರೂ ಕ್ಯಾಲ್ಸಿಯಂ ಬರುವ ದಾರಿ ಎರಡರಲ್ಲೂ ಒಂದೇ ಅಲ್ಲ. ಇದು ಬೆಳಕಿಗೆ ಬಂದ ಬಗೆ ನನಗೆ ಬಹಳ ಪ್ರಿಯವಾದದ್ದು. 1880ರ ದಶಕದ ಆರಂಭದಲ್ಲಿ ಲಂಡನ್ನಿನ ಯೂನಿವರ್ಸಿಟಿ ಕಾಲೇಜಿನಲ್ಲಿ ಸಿಡ್ನಿ ರಿಂಗರ್ ಎಂಬ ವೈದ್ಯರು ಕಪ್ಪೆಯ ಹೃದಯವನ್ನು ದೇಹದಿಂದ ಬೇರ್ಪಡಿಸಿ, ಉಪ್ಪುನೀರು ಹಾಯಿಸಿ, ಅದು ಎಷ್ಟು ಹೊತ್ತು ಬಡಿಯುತ್ತದೆ ಎಂದು ನೋಡುತ್ತಿದ್ದರು. ಶುದ್ಧ ನೀರು, ಅದಕ್ಕೆ ಸೋಡಿಯಂ ಮತ್ತು ಪೊಟ್ಯಾಸಿಯಂ ಲವಣ. ಹೃದಯ ಗಂಟೆಗಟ್ಟಲೆ ಬಡಿಯಿತು, ಅವರು ಪ್ರಕಟಿಸಿಯೂ ಬಿಟ್ಟರು. ಆಮೇಲೆ ತಿಳಿಯಿತು, ದ್ರಾವಣ ತಯಾರಿಸಿದ್ದು ಭಟ್ಟಿ ಇಳಿಸಿದ ನೀರಿನಿಂದಲ್ಲ, ಲಂಡನ್ನಿಗೆ ನೀರು ಒದಗಿಸುತ್ತಿದ್ದ ಕಂಪನಿಯ ನಲ್ಲಿನೀರಿನಿಂದ. ರಿಂಗರ್ ನಿಜವಾದ ಭಟ್ಟಿನೀರಿನಲ್ಲಿ ಪ್ರಯೋಗವನ್ನು ಮತ್ತೆ ಮಾಡಿದರು. ಬಡಿತ ಕುಂದುತ್ತಾ ಬಂದು ನಿಂತೇಹೋಯಿತು. ನಲ್ಲಿನೀರಿನಲ್ಲಿ ಏನಿತ್ತು? ಗಡಸು ನೀರಿನ ಸುಣ್ಣದಂಶ, ಅಂದರೆ ಕ್ಯಾಲ್ಸಿಯಂ. ಅದನ್ನು ತುಸು ಸೇರಿಸಿದೊಡನೆ ನಿಂತ ಹೃದಯ ಮತ್ತೆ ಬಡಿಯಿತು. 1883ರಲ್ಲಿ ತಮ್ಮ ಹಿಂದಿನ ಬರಹವನ್ನು ತಾವೇ ತಿದ್ದಿ ಅವರು ಇದನ್ನು ಪ್ರಕಟಿಸಿದರು. ಇಂದು ನಮ್ಮ ಆಸ್ಪತ್ರೆಗಳಲ್ಲಿ ತೂಗುಬಿಡುವ ರಿಂಗರ್ ಲ್ಯಾಕ್ಟೇಟ್ ಡ್ರಿಪ್ಪಿನಲ್ಲಿ ಇರುವುದು ಇವರದೇ ಹೆಸರು.

ಕೈಕಾಲಿನ ಸ್ನಾಯುವನ್ನು ಹೀಗೆ ಕ್ಯಾಲ್ಸಿಯಂ ಇಲ್ಲದ ನೀರಿನಲ್ಲಿ ಇಟ್ಟರೆ ಅದು ತಕ್ಷಣ ನಿಲ್ಲುವುದಿಲ್ಲ. ತನಗೆ ಬೇಕಾದ ಕ್ಯಾಲ್ಸಿಯಂ ಅನ್ನು ಅದು ಜೀವಕೋಶದ ಒಳಗಿನ ಚೀಲಗಳಲ್ಲಿ ಕೂಡಿಟ್ಟುಕೊಂಡಿರುತ್ತದೆ. ನರದ ಅಪ್ಪಣೆ ಬಂದಾಗ ಚೀಲ ತೆರೆಯುತ್ತದೆ, ಕೆಲಸ ಮುಗಿದಾಗ ಒಳಗೆಳೆದುಕೊಳ್ಳುತ್ತದೆ. ಹೃದಯಕ್ಕೂ ಚೀಲಗಳಿವೆ, ಆದರೆ ಅವು ತೆರೆಯಬೇಕಾದರೆ ಪ್ರತಿ ಬಡಿತಕ್ಕೂ ಹೊರಗಿನಿಂದ ಸ್ವಲ್ಪ ಕ್ಯಾಲ್ಸಿಯಂ ಬರಬೇಕು. ಹೃದಯದ ಕಸುವನ್ನು ಬಡಿತದಿಂದ ಬಡಿತಕ್ಕೆ ಹೆಚ್ಚುಕಡಿಮೆ ಮಾಡಲು ಸಾಧ್ಯವಾಗುವುದು ಇದರಿಂದಲೇ. ಕಾಲಿನಲ್ಲಿ ಬಲ ಹೆಚ್ಚು ಬೇಕೆಂದರೆ ಮಿದುಳು ಇನ್ನಷ್ಟು ಎಳೆಗಳನ್ನು ಕೆಲಸಕ್ಕೆ ಕರೆಯುತ್ತದೆ, ಉಳಿದವು ಸುಮ್ಮನಿರುತ್ತವೆ. ಹೃದಯದಲ್ಲಿ ಮೀಸಲು ಎಳೆಗಳೇ ಇಲ್ಲ. ಪ್ರತಿ ಬಡಿತದಲ್ಲೂ ಎಲ್ಲವೂ ದುಡಿಯಬೇಕು.

ಈಗ ದಣಿವಿಗೆ ಬರೋಣ. ಮುಂದಿನ ಸಾಲಿನಲ್ಲಿ ಕುಳಿತವರು ತಮ್ಮ ಕೈಯಲ್ಲಿರುವ ನೀರಿನ ಬಾಟಲಿಯನ್ನು ಹಿಡಿದು, ಮೊಣಕೈ ಮಡಿಸದೆ, ತೋಳನ್ನು ನೇರ ಮುಂದಕ್ಕೆ ಚಾಚಿ. ಹಾಗೇ ಇರಲಿ, ನಾನು ಮಾತು ಮುಂದುವರಿಸುತ್ತೇನೆ.

ದಣಿವನ್ನು ಅಳೆಯಬಹುದು ಎಂದು ತೋರಿಸಿದವರು ಇಟಲಿಯ ಟ್ಯೂರಿನ್ ನಗರದ ಆಂಜೆಲೊ ಮೊಸ್ಸೊ. ಅವರ ಎರ್ಗೊಗ್ರಾಫ್ ಎಂಬ ಸಲಕರಣೆಯಲ್ಲಿ ಮುಂದೋಳನ್ನು ಅಲುಗದಂತೆ ಬಿಗಿದು, ನಡುಬೆರಳಿಗೆ ದಾರ ಕಟ್ಟಿ, ದಾರದ ತುದಿಗೆ ತೂಕದ ಕಲ್ಲು ತೂಗುಬಿಡುತ್ತಿದ್ದರು. ತಾಳಕ್ಕೆ ಸರಿಯಾಗಿ ಬೆರಳು ಮಡಿಸಬೇಕು. ಪ್ರತಿ ಎತ್ತುವಿಕೆಯೂ ತಿರುಗುವ ಉರುಳೆಯ ಮೇಲೆ ಒಂದು ಗೆರೆಯಾಗಿ ಮೂಡುತ್ತದೆ. ಗೆರೆಗಳು ಮೊದಲು ಉದ್ದ, ಬರಬರುತ್ತಾ ಗಿಡ್ಡ, ಕಡೆಗೆ ಇಲ್ಲ. ಮೊಸ್ಸೊ ಅವರ ಸಹೋದ್ಯೋಗಿಯೊಬ್ಬರು ದಿನವಿಡೀ ವಿದ್ಯಾರ್ಥಿಗಳ ಮೌಖಿಕ ಪರೀಕ್ಷೆ ನಡೆಸಿ ಬಂದು ಇದೇ ಸಲಕರಣೆಗೆ ಬೆರಳು ಕೊಟ್ಟಾಗ ಗೆರೆಗಳು ಎಂದಿಗಿಂತ ಬೇಗ ಗಿಡ್ಡವಾದವು. ಬೆರಳು ಏನೂ ಕೆಲಸ ಮಾಡಿರಲಿಲ್ಲ, ದಣಿದದ್ದು ಮಿದುಳು. ದಣಿವಿನ ಬಗ್ಗೆ 1891ರಲ್ಲಿ ಬಂದ ಅವರ ಪುಸ್ತಕ ಈ ಎರಡು ದಣಿವುಗಳನ್ನು ಒಟ್ಟಿಗೆ ಇಟ್ಟು ನೋಡಿತು. ಪರೀಕ್ಷೆಯ ಕಾಲದಲ್ಲಿ ಮನೆಗೆ ಹೋಗಿ ಏನೂ ಮಾಡಲಾಗದೆ ಮಲಗುವ ನಮ್ಮ ಅಧ್ಯಾಪಕರು ಸೋಮಾರಿಗಳಲ್ಲ ಎನ್ನುವುದಕ್ಕೆ ಹಳೆಯ ಪುರಾವೆ ಇದು.

ಬಾಟಲಿ ಹಿಡಿದವರ ತೋಳು ಈಗ ನಡುಗುತ್ತಿರುವುದು ನನಗೆ ಕಾಣುತ್ತಿದೆ. ಭುಜದಲ್ಲಿ ಉರಿಯೂ ಇರಬೇಕು. ಇಳಿಸಿ. ನಿಮ್ಮ ಭುಜದ ಸ್ನಾಯು ಬಿಗಿದೇ ಇದ್ದುದರಿಂದ ಅದರೊಳಗಿನ ಸಣ್ಣ ರಕ್ತನಾಳಗಳು ಅದುಮಿಹೋಗಿ ರಕ್ತದ ಹರಿವು ಕಡಿಮೆಯಾಗಿತ್ತು. ಕೈ ಇಳಿಸಿದೊಡನೆ ರಕ್ತ ನುಗ್ಗಿತು, ಒಂದೆರಡು ನಿಮಿಷದಲ್ಲಿ ಹಾಯೆನಿಸುತ್ತದೆ.

ಒಳಗೆ ಏನಾಯಿತು? ಬಹುಕಾಲ ಎಲ್ಲರೂ ಲ್ಯಾಕ್ಟಿಕ್ ಆಮ್ಲದ ಕಡೆ ಬೆರಳು ತೋರಿಸುತ್ತಿದ್ದರು. 1907ರಲ್ಲಿ ಕೇಂಬ್ರಿಜ್‌ನಲ್ಲಿ ಫ್ಲೆಚರ್ ಮತ್ತು ಹಾಪ್ಕಿನ್ಸ್ ದಣಿದ ಕಪ್ಪೆಯ ಸ್ನಾಯುವಿನಲ್ಲಿ ಆ ಆಮ್ಲ ಸೇರಿಕೊಳ್ಳುವುದನ್ನು ತೋರಿಸಿದ್ದರು. ಎ.ವಿ. ಹಿಲ್ ಮತ್ತು ಓಟೊ ಮೇಯರ್‌ಹಾಫ್ ಸ್ನಾಯುವಿನ ಶಾಖ ಮತ್ತು ಆಮ್ಲದ ಲೆಕ್ಕಕ್ಕಾಗಿ 1922ರ ನೊಬೆಲ್ ಪಡೆದರು. ಆಮ್ಲ ಸೇರುತ್ತದೆ, ಬಲ ಕುಗ್ಗುತ್ತದೆ, ಹಾಗಾಗಿ ಆಮ್ಲವೇ ಕಾರಣ ಎಂದು ಮೂರು ತಲೆಮಾರು ಪಾಠ ಹೇಳಿತು. 2001ರಲ್ಲಿ ಡೆನ್ಮಾರ್ಕಿನ ಸಂಶೋಧಕರು ಇಲಿಯ ಸ್ನಾಯುವಿನಲ್ಲಿ ಬೇರೆಯದನ್ನೇ ಕಂಡರು. ಹೊರಗೆ ಪೊಟ್ಯಾಸಿಯಂ ಹೆಚ್ಚಿ ಕುಗ್ಗಿದ್ದ ಬಲವನ್ನು ಲ್ಯಾಕ್ಟಿಕ್ ಆಮ್ಲ ಮರಳಿ ಎತ್ತಿತು. ಇಂದು ಹೆಚ್ಚು ಗುಮಾನಿ ಇರುವುದು ಫಾಸ್ಫೇಟಿನ ಮೇಲೆ. ಜೋರಾಗಿ ದುಡಿಯುವಾಗ ಕ್ರಿಯಾಟಿನ್ ಫಾಸ್ಫೇಟ್ ಒಡೆದು ಎಟಿಪಿಯನ್ನು ತುಂಬಿಕೊಡುತ್ತದೆ, ಬಿಡುಗಡೆಯಾದ ಫಾಸ್ಫೇಟ್ ಅಲ್ಲೇ ಉಳಿಯುತ್ತದೆ. ಅದು ಮಯೋಸಿನ್ನಿನ ಹಿಡಿತವನ್ನು ಸಡಿಲಿಸುತ್ತದೆ, ಕ್ಯಾಲ್ಸಿಯಂ ಚೀಲದೊಳಗೂ ನುಗ್ಗಿ ಅಲ್ಲಿನ ಕ್ಯಾಲ್ಸಿಯಂ ಸುಲಭವಾಗಿ ಹೊರಬರದಂತೆ ಮಾಡುತ್ತದೆ. ಗಂಟೆಗಟ್ಟಲೆಯ ದುಡಿಮೆಯಲ್ಲಿ ಗ್ಲೈಕೋಜನ್ ಎಂಬ ಇಂಧನದ ದಾಸ್ತಾನು ಬರಿದಾಗುವುದೂ ಸೇರಿಕೊಳ್ಳುತ್ತದೆ. ಇಷ್ಟೆಲ್ಲ ಆದರೂ ಸ್ನಾಯುವಿನ ಎಟಿಪಿ ಪೂರ್ತಿ ಮುಗಿಯುವುದೇ ಇಲ್ಲ. ಮುಗಿಯುವ ಮೊದಲೇ ಬಲ ಇಳಿದಿರುತ್ತದೆ. ನಾನು ಕಾವಲು ಎಂದದ್ದು ಇದನ್ನೇ.

ಮರುದಿನದ ಮೈಕೈ ನೋವಿಗೂ ಲ್ಯಾಕ್ಟಿಕ್ ಆಮ್ಲವನ್ನೇ ಈಗಲೂ ಜಿಮ್ಮುಗಳಲ್ಲಿ ದೂರುತ್ತಾರೆ. ವಿಶ್ರಾಂತಿ ಸಿಕ್ಕರೆ ಅದು ರಕ್ತದಿಂದ ಒಂದು ಗಂಟೆಯ ಆಸುಪಾಸಿನಲ್ಲಿ ತೊಲಗುತ್ತದೆ. ನೋವು ಬರುವುದು ಒಂದೆರಡು ದಿನದ ನಂತರ. ಥಿಯೊಡೋರ್ ಹೋ ಎಂಬುವರು 1902ರಲ್ಲೇ ಇದು ಎಳೆಗಳಲ್ಲಿ ಆದ ಸಣ್ಣ ಸೀಳುಗಳ ಫಲ ಎಂದಿದ್ದರು. ಸ್ನಾಯು ಬಿಗಿದಿರುವಾಗಲೇ ಉದ್ದವಾಗಬೇಕಾದ ಕೆಲಸದಲ್ಲಿ ಇದು ಹೆಚ್ಚು. ಕುದುರೆಮುಖ ಹತ್ತಿ ಬಂದವರನ್ನು ಕೇಳಿ, ಹತ್ತಿದ್ದಕ್ಕಿಂತ ಇಳಿದದ್ದೇ ತೊಡೆಗೆ ಕಷ್ಟ ಕೊಟ್ಟಿರುತ್ತದೆ.

ಲ್ಯಾಕ್ಟಿಕ್ ಆಮ್ಲದ, ಅಂದರೆ ದೇಹದಲ್ಲಿ ಅದು ಇರುವ ರೂಪವಾದ ಲ್ಯಾಕ್ಟೇಟಿನ ಬಗ್ಗೆ ಇನ್ನೊಂದು ಮಾತು ಹೇಳಲೇಬೇಕು. 2020ರ ಫೆಬ್ರುವರಿಯಲ್ಲಿ ಐಕಳದ ಕಂಬಳದಲ್ಲಿ ಶ್ರೀನಿವಾಸ ಗೌಡರು ಕೋಣಗಳ ಜೊತೆ 142.5 ಮೀಟರನ್ನು 13.62 ಸೆಕೆಂಡಿನಲ್ಲಿ ಓಡಿದ ಸುದ್ದಿ ದೇಶವನ್ನೆಲ್ಲ ಸುತ್ತಿತು. ಕೆಸರುಗದ್ದೆಯಲ್ಲಿ ಕೋಣಗಳ ಹಿಂದೆ ಓಡುವ ಆ ಹದಿಮೂರು ಸೆಕೆಂಡಿನಲ್ಲಿ ತೊಡೆಗಳು ಉಸಿರಿನ ಆಮ್ಲಜನಕಕ್ಕೆ ಕಾಯುವುದಿಲ್ಲ. ಸಿದ್ಧವಿದ್ದ ಎಟಿಪಿ ಎರಡು ಮೂರು ಸೆಕೆಂಡಿಗೆ, ಕ್ರಿಯಾಟಿನ್ ಫಾಸ್ಫೇಟ್ ಇನ್ನು ಕೆಲವು ಸೆಕೆಂಡಿಗೆ, ಮಿಕ್ಕದ್ದು ಗ್ಲೈಕೋಜನ್ನನ್ನು ಆಮ್ಲಜನಕವಿಲ್ಲದೆ ಒಡೆದು. ಹಾಗೆ ಒಡೆದಾಗ ಉಳಿಯುವುದೇ ಲ್ಯಾಕ್ಟೇಟ್. ಓಟ ಮುಗಿದ ಮೇಲೆ ಏದುಸಿರು ಬಿಡುವುದು ಹೀಗೆ ಮಾಡಿದ ಆಮ್ಲಜನಕದ ಸಾಲ ತೀರಿಸಲು. ಕಾಲು ಹೊರಹಾಕಿದ ಲ್ಯಾಕ್ಟೇಟ್ ರಕ್ತದಲ್ಲಿ ತೇಲಿ ಹೃದಯಕ್ಕೆ ಬಂದಾಗ ಹೃದಯ ಅದನ್ನು ಇಂಧನವಾಗಿ ಉರಿಸುತ್ತದೆ. ಮೈ ಎಷ್ಟು ಜೋರಾಗಿ ದುಡಿಯುತ್ತದೋ ಹೃದಯದ ಇಂಧನದಲ್ಲಿ ಲ್ಯಾಕ್ಟೇಟಿನ ಪಾಲು ಅಷ್ಟು ಏರುತ್ತದೆ. ಕಾಲು ಕಸವೆಂದು ಬಿಟ್ಟದ್ದು ಹೃದಯಕ್ಕೆ ಅನ್ನವಾಗುತ್ತದೆ. ಇಷ್ಟು ವರ್ಷ ಪಾಠ ಹೇಳಿದರೂ ನನ್ನ ಬೆರಗು ಇನ್ನೂ ಇಳಿದಿಲ್ಲ.

ಕಾಲು ಆಮ್ಲಜನಕವನ್ನು ಸಾಲ ಮಾಡಬಲ್ಲದು, ಹೃದಯ ಮಾಡಲಾರದು. ಸುಮಾರು 300 ಗ್ರಾಂ ತೂಗುವ ಈ ಅಂಗ ದಿನಕ್ಕೆ ಒಂದು ಲಕ್ಷ ಸಲ ಬಡಿದು 7,000 ಲೀಟರಿನಷ್ಟು ರಕ್ತ ತಳ್ಳುತ್ತದೆ. ಅದರ ಜೀವಕೋಶದ ಗಾತ್ರದಲ್ಲಿ ಮೂರನೆಯ ಒಂದು ಪಾಲು ಮೈಟೊಕಾಂಡ್ರಿಯಗಳೇ. ಆಮ್ಲಜನಕದಿಂದ ಇಂಧನ ಉರಿಸುವ ಈ ಕಣಗಳು ಕೈಕಾಲಿನ ಎಳೆಗಳಲ್ಲಿ ಇದಕ್ಕಿಂತ ತೀರ ಕಡಿಮೆ. ಸುಮ್ಮನೆ ಕುಳಿತಾಗಲೂ ಹೃದಯವು ತನ್ನೊಳಗೆ ಹರಿಯುವ ರಕ್ತದಿಂದ ಶೇ 70ಕ್ಕೂ ಹೆಚ್ಚು ಆಮ್ಲಜನಕವನ್ನು ಹೀರಿಕೊಂಡಿರುತ್ತದೆ. ಕಾಲು ಆ ಹೊತ್ತಿನಲ್ಲಿ ಕಾಲು ಭಾಗವನ್ನಷ್ಟೇ ತೆಗೆದುಕೊಳ್ಳುತ್ತದೆ. ದುಡಿಮೆ ಹೆಚ್ಚಿದಾಗ ಕಾಲಿಗೆ ಅದೇ ರಕ್ತದಿಂದ ಇನ್ನಷ್ಟು ಹೀರುವ ಅವಕಾಶವಿದೆ. ಹೃದಯಕ್ಕಿರುವ ದಾರಿ ಒಂದೇ, ರಕ್ತವೇ ಹೆಚ್ಚು ಬರಬೇಕು. ನಾಲ್ಕೈದು ಪಟ್ಟು ಹೆಚ್ಚು ಬರಲು ಸಾಧ್ಯವೂ ಇದೆ, ಕರೋನರಿ ರಕ್ತನಾಳಗಳು ಚೆನ್ನಾಗಿದ್ದರೆ. ಅವುಗಳಲ್ಲಿ ಕೊಬ್ಬು ಕಟ್ಟಿಕೊಂಡವರಿಗೆ ಕೂತಾಗ ಏನೂ ಗೊತ್ತಾಗದೆ, ಮಹಡಿ ಹತ್ತುವಾಗ ಎದೆ ಹಿಡಿದುಕೊಳ್ಳುವುದು ಇದಕ್ಕೇ.

ಇಲ್ಲಿ ಬಡಿತದೊಳಗಿನ ವಿಶ್ರಾಂತಿಯ ಮಾತು. ನಿಮಿಷಕ್ಕೆ 75ರ ಬಡಿತದಲ್ಲಿ ಒಂದು ಆವೃತ್ತಿಗೆ 0.8 ಸೆಕೆಂಡು. ಅದರಲ್ಲಿ ಹೃತ್ಕುಕ್ಷಿ, ಅಂದರೆ ರಕ್ತ ತಳ್ಳುವ ಕೆಳಕೋಣೆ, ಬಿಗಿದಿರುವುದು 0.3 ಸೆಕೆಂಡು, ಸಡಿಲವಾಗಿರುವುದು 0.5. ದಿನಕ್ಕೆ ಲೆಕ್ಕ ಹಾಕಿದರೆ ಹೃದಯ ಒಂಬತ್ತು ಗಂಟೆ ದುಡಿದು ಹದಿನೈದು ಗಂಟೆ ಬಿಡುವಿನಲ್ಲಿರುತ್ತದೆ. ನಮ್ಮಲ್ಲಿ ಎಷ್ಟು ಜನಕ್ಕೆ ಅಷ್ಟು ಬಿಡುವಿದೆ! ಆ ಬಿಡುವಿನಲ್ಲೂ ಅದು ಸುಮ್ಮನಿಲ್ಲ. ಎಡ ಹೃತ್ಕುಕ್ಷಿ ಬಿಗಿದಾಗ ತನ್ನ ಗೋಡೆಯೊಳಗಿನ ನಾಳಗಳನ್ನು ತಾನೇ ಅದುಮುತ್ತದೆ, ನೀವು ಬಾಟಲಿ ಹಿಡಿದಾಗ ಭುಜದಲ್ಲಿ ಆದಂತೆಯೇ. ಹಾಗಾಗಿ ಅದಕ್ಕೆ ರಕ್ತ ಹೆಚ್ಚಾಗಿ ಸಿಗುವುದು ಸಡಿಲವಾದಾಗ. ಕ್ಯಾಲ್ಸಿಯಂ ಅನ್ನು ಚೀಲಕ್ಕೆ ಮರಳಿ ತುಂಬುವ ಖರ್ಚಿನ ಕೆಲಸವೂ ಆಗಲೇ. ಬಡಿತ 180ಕ್ಕೆ ಏರಿದರೆ ಇಡೀ ಆವೃತ್ತಿ ಸೆಕೆಂಡಿನ ಮೂರನೆಯ ಒಂದು ಭಾಗಕ್ಕೆ ಇಳಿಯುತ್ತದೆ. ಬಿಗಿಯುವ ಹೊತ್ತು ಸ್ವಲ್ಪವೇ ಕಡಿಮೆಯಾಗುತ್ತದೆ, ಕತ್ತರಿ ಬೀಳುವುದು ಬಿಡುವಿಗೆ. ಹೆಚ್ಚು ರಕ್ತ ಬೇಕಾದ ಹೊತ್ತಿನಲ್ಲೇ ರಕ್ತ ಪಡೆಯುವ ಸಮಯ ಕಡಿಮೆ.

ಆದರೂ ಹೃದಯ ಪೂರ್ತಿ ಬಿಡುವು ಕಳೆದುಕೊಳ್ಳದಂತೆ ಒಂದು ಏರ್ಪಾಡಿದೆ. ಕಾಲಿನ ಎಳೆಯಲ್ಲಿ ವಿದ್ಯುತ್ ಸಂಕೇತ ಕೆಲವೇ ಮಿಲಿಸೆಕೆಂಡಿನಲ್ಲಿ ಮುಗಿಯುವುದರಿಂದ ಸಂಕೇತಗಳು ಒಂದರ ಮೇಲೊಂದು ಬಂದು ಸ್ನಾಯು ಬಿಗಿದೇ ನಿಲ್ಲಬಲ್ಲದು. ಹೃದಯದ ಸಂಕೇತ ಸುಮಾರು 250 ಮಿಲಿಸೆಕೆಂಡು ಉಳಿಯುತ್ತದೆ. ಅದು ಮುಗಿಯುವ ತನಕ ಇನ್ನೊಂದು ಅಪ್ಪಣೆಯನ್ನು ಆ ಕೋಶ ಕೇಳಿಸಿಕೊಳ್ಳುವುದೇ ಇಲ್ಲ. ಹಾಗಾಗಿ ಹೃದಯ ಮುಷ್ಟಿ ಬಿಗಿದಂತೆ ಬಿಗಿದು ನಿಲ್ಲಲಾರದು, ಒಮ್ಮೆ ಬಿಗಿದರೆ ಸಡಿಲವಾಗಲೇಬೇಕು. ಜರ್ಮನಿಯ ಓಟೊ ಫ್ರಾಂಕ್ 1895ರಲ್ಲಿ, ಲಂಡನ್ನಿನ ಅರ್ನೆಸ್ಟ್ ಸ್ಟಾರ್ಲಿಂಗ್ 1914ರಲ್ಲಿ ಕಂಡುಕೊಂಡ ನಿಯಮವೂ ಇದರ ಜೊತೆ ಸೇರುತ್ತದೆ. ಹೆಚ್ಚು ರಕ್ತ ಬಂದು ಹೃದಯ ಹಿಗ್ಗಿದಷ್ಟೂ, ಒಂದು ಮಿತಿಯೊಳಗೆ, ಮುಂದಿನ ಬಡಿತ ಅಷ್ಟು ಬಲವಾಗಿರುತ್ತದೆ. ಮಿದುಳನ್ನು ಕೇಳಬೇಕಾಗಿಯೂ ಇಲ್ಲ. ಹೀಗೆ ಕೂತಾಗ ನಿಮಿಷಕ್ಕೆ 5 ಲೀಟರ್ ತಳ್ಳುವ ಹೃದಯ ಕಷ್ಟದ ದುಡಿಮೆಯಲ್ಲಿ 20, 25 ಲೀಟರ್ ತಳ್ಳುತ್ತದೆ.

ಇದು ಓಟದ ಮಾತಾಯಿತು. ಭಾರ ಎತ್ತುವುದು ಬೇರೆ. ನಮ್ಮ ಎಪಿಎಂಸಿ ಯಾರ್ಡಿನ ಹಮಾಲರನ್ನು ನೋಡಿ. ಇಬ್ಬರು ಚೀಲ ಎತ್ತಿ ಬೆನ್ನಿಗೆ ಕೊಡುವ ಆ ಕ್ಷಣದಲ್ಲಿ ಅವರು ಹಲ್ಲು ಕಚ್ಚಿ ಉಸಿರು ಬಿಗಿ ಹಿಡಿಯುತ್ತಾರೆ. ಎದೆಯೊಳಗಿನ ಒತ್ತಡ ಏರುತ್ತದೆ, ಬಿಗಿದ ಸ್ನಾಯುಗಳು ರಕ್ತನಾಳಗಳನ್ನು ಅದುಮುತ್ತವೆ, ರಕ್ತದೊತ್ತಡ ಒಮ್ಮೆಲೇ ಜಿಗಿಯುತ್ತದೆ. ಎಷ್ಟು ಜಿಗಿಯಬಹುದು ಎಂಬುದನ್ನು 1985ರಲ್ಲಿ ಕೆನಡಾದ ಮೆಕ್‌ಡೂಗಲ್ ತಂಡ ದೇಹದಾರ್ಢ್ಯ ಪಟುಗಳ ಅಪಧಮನಿಯೊಳಗೇ ನಳಿಕೆ ಇಟ್ಟು ಅಳೆಯಿತು. ಎರಡೂ ಕಾಲಿನಿಂದ ಭಾರ ತಳ್ಳುವಾಗ ಸರಾಸರಿ 320/250, ಒಬ್ಬರಲ್ಲಿ 480/350ನ್ನೂ ದಾಟಿತು. ಆರೋಗ್ಯವಂತರಲ್ಲಿ ಉಸಿರು ಬಿಟ್ಟ ಕೆಲವೇ ಸೆಕೆಂಡಿನಲ್ಲಿ ಅದು ಇಳಿಯುತ್ತದೆ. ಬಿಪಿ ಇದ್ದೂ ಗುಳಿಗೆ ತೆಗೆದುಕೊಳ್ಳದ, ಐವತ್ತು ದಾಟಿದ ಹಮಾಲರ ವಿಷಯದಲ್ಲಿ ನನಗೆ ಅಷ್ಟು ನಿಶ್ಚಿಂತೆಯಿಲ್ಲ. ಒಬ್ಬ ವಯಸ್ಕ ಗಂಡಸು ಹೊರಬೇಕಾದ ಭಾರ 55 ಕಿಲೋ ಮೀರಬಾರದು ಎಂದು ಅಂತರರಾಷ್ಟ್ರೀಯ ಕಾರ್ಮಿಕ ಸಂಘಟನೆ 1967ರಲ್ಲೇ ಶಿಫಾರಸು ಮಾಡಿದೆ. ನೂರು ಕಿಲೋ ಚೀಲಗಳನ್ನು ಹೊತ್ತು ಸವೆದ ಬೆನ್ನುಗಳು ಈ ಊರಿನಲ್ಲೇ ಇವೆ. ಜಿಮ್ಮಿಗೆ ಹೋಗುವವರ ಹೃದಯದ ಬಗ್ಗೆ ಇಷ್ಟು ಚರ್ಚಿಸುವ ನಾವು ಇವರ ಬಿಪಿಯನ್ನು ಯಾರ್ಡಿನಲ್ಲೇ ಅಳೆಯುವ ಏರ್ಪಾಡು ಮಾಡಬೇಕು. ಅದಕ್ಕೆ ದೊಡ್ಡ ಖರ್ಚೇನೂ ಇಲ್ಲ.

ಹಾಗಾದರೆ ಹೃದಯ ದಣಿಯುತ್ತದೆಯೇ? ದಣಿಯುತ್ತದೆ. ಹವಾಯಿಯ ಐರನ್‌ಮ್ಯಾನ್ ಸ್ಪರ್ಧೆಯಲ್ಲಿ 3.9 ಕಿಲೋಮೀಟರ್ ಈಜಿ, 180 ಕಿಲೋಮೀಟರ್ ಸೈಕಲ್ ತುಳಿದು, ಮೇಲೆ ಮ್ಯಾರಥಾನ್ ಓಡಬೇಕು. ಮುಗಿಸಿ ಬಂದವರ ಹೃದಯವನ್ನು ಎಕೋ ಮಾಡಿ ನೋಡಿದ ಅಧ್ಯಯನ 1987ರಲ್ಲಿ ಬಂತು. ಎಡ ಹೃತ್ಕುಕ್ಷಿ ಎಂದಿನಷ್ಟು ಬಲವಾಗಿ ಕುಗ್ಗುತ್ತಿರಲಿಲ್ಲ, ಒಂದು ದಿನದ ವಿಶ್ರಾಂತಿಯಲ್ಲಿ ಸರಿಹೋಯಿತು. 2006ರಲ್ಲಿ ಬಾಸ್ಟನ್ ಮ್ಯಾರಥಾನಿನ 60 ಹವ್ಯಾಸಿ ಓಟಗಾರರ ಅಧ್ಯಯನ ಪ್ರಕಟವಾಯಿತು. ಓಟದ ನಂತರ ಅರ್ಧಕ್ಕೂ ಹೆಚ್ಚು ಮಂದಿಯ ರಕ್ತದಲ್ಲಿ ಟ್ರೋಪೋನಿನ್ ಏರಿತ್ತು. ಹೃದಯಾಘಾತವನ್ನು ಪತ್ತೆಹಚ್ಚಲು ನೋಡುವ ಪ್ರೋಟೀನ್ ಅದು. ಓಟದ ನಂತರದ ಈ ಏರಿಕೆ ಸಾಮಾನ್ಯವಾಗಿ ಬೇಗ ಇಳಿಯುತ್ತದೆ. ಗಮನಿಸಬೇಕಾದದ್ದು ಬೇರೆ: ವಾರಕ್ಕೆ 35 ಮೈಲಿಗಿಂತ, ಅಂದರೆ 56 ಕಿಲೋಮೀಟರಿಗಿಂತ ಕಡಿಮೆ ಅಭ್ಯಾಸ ಮಾಡಿದವರಲ್ಲೇ ಹೃದಯದ ಬಳಲಿಕೆ ಹೆಚ್ಚು ಕಂಡದ್ದು. ಇನ್ನೊಂದು ಪುರಾವೆ ಆಸ್ಪತ್ರೆಗಳಲ್ಲಿ ಸಿಗುತ್ತದೆ. ಲಯ ತಪ್ಪಿದ ಹೃದಯ ವಾರಗಟ್ಟಲೆ, ತಿಂಗಳುಗಟ್ಟಲೆ ಅತಿವೇಗದಲ್ಲಿ ಬಡಿಯುತ್ತಿದ್ದರೆ, ಬೇರಾವ ರೋಗವಿಲ್ಲದಿದ್ದರೂ ಅದು ಹಿಗ್ಗಿ ಬಲಗುಂದುತ್ತದೆ. ವೇಗವನ್ನು ಹತೋಟಿಗೆ ತಂದರೆ ಎಷ್ಟೋ ಸಲ ಪೂರ್ತಿ ಚೇತರಿಸಿಕೊಳ್ಳುತ್ತದೆ. ಬಿಡುವು ಕಸಿದುಕೊಂಡದ್ದೇ ರೋಗ, ಬಿಡುವು ಕೊಟ್ಟದ್ದೇ ಔಷಧ.

ಒತ್ತಡಕ್ಕೆ ಎರಡೂ ಸ್ನಾಯುಗಳು ಕೊಡುವ ದೀರ್ಘಕಾಲದ ಉತ್ತರ ಬೆಳವಣಿಗೆ. ಹೃದಯ ದುಡಿಮೆಯಿಂದ ದೊಡ್ಡದಾಗುತ್ತದೆ ಎಂದು 1899ರಲ್ಲಿ ಸ್ವೀಡನ್ನಿನ ಹೆನ್ಷೆನ್ ಹಿಮದ ಮೇಲೆ ಸ್ಕೀ ಓಟ ಮಾಡುವವರ ಎದೆಯನ್ನು ಬೆರಳಿನಿಂದ ತಟ್ಟಿ, ಸದ್ದು ಕೇಳಿಯೇ ಕಂಡುಕೊಂಡರು. ಓಟಗಾರನ ಹೃದಯ ಹಿಗ್ಗುತ್ತದೆ, ಗೋಡೆಯೂ ಅದಕ್ಕೆ ತಕ್ಕಷ್ಟು ದಪ್ಪವಾಗುತ್ತದೆ, ರಕ್ತದ ಕಿರುನಾಳಗಳೂ ಜೊತೆಗೂಡುತ್ತವೆ. ವರ್ಷಗಟ್ಟಲೆ ಬಿಪಿ ಹೊತ್ತ ಹೃದಯವೂ ದಪ್ಪವಾಗುತ್ತದೆ, ಆದರೆ ಅಲ್ಲಿ ಕಿರುನಾಳಗಳು ಹಿಂದೆ ಬೀಳುತ್ತವೆ, ಎಳೆಗಳ ನಡುವೆ ನಾರು ತುಂಬುತ್ತದೆ, ಗೋಡೆ ಸಡಿಲವಾಗಲು ಒಪ್ಪುವುದಿಲ್ಲ. ಓಟಗಾರನ ಹೊರೆಗೆ ನಡುವೆ ರಾತ್ರಿಯಿದೆ, ರಜೆಯಿದೆ. ಬಿಪಿಯ ಹೊರೆ ನಿದ್ದೆಯಲ್ಲೂ ಪೂರ್ತಿ ಇಳಿಯುವುದಿಲ್ಲ. ರಿಪೇರಿಯಲ್ಲೂ ಎರಡು ಸ್ನಾಯುಗಳಿಗೆ ಅಜಗಜಾಂತರ. ಕೈಕಾಲಿನ ಎಳೆಗಳ ಪಕ್ಕದಲ್ಲಿ ಮೀಸಲು ಕೋಶಗಳಿರುವುದನ್ನು ಅಲೆಕ್ಸಾಂಡರ್ ಮೌರೊ 1961ರಲ್ಲಿ ಕಂಡರು, ಹರಿದ ಎಳೆಯನ್ನು ಅವು ಕಟ್ಟಿಕೊಡುತ್ತವೆ. ಹೃದಯದ ಕೋಶಗಳ ವಯಸ್ಸನ್ನು ಸ್ವೀಡನ್ನಿನ ಸಂಶೋಧಕರು ಅಣುಬಾಂಬ್ ಪರೀಕ್ಷೆಗಳಿಂದ ವಾತಾವರಣಕ್ಕೆ ಸೇರಿದ ಕಾರ್ಬನ್-14ರ ನೆರವಿನಿಂದ ಲೆಕ್ಕಹಾಕಿ 2009ರಲ್ಲಿ ಪ್ರಕಟಿಸಿದರು. 25ನೇ ವಯಸ್ಸಿನಲ್ಲಿ ವರ್ಷಕ್ಕೆ ಶೇ 1ರಷ್ಟು ಕೋಶ ಹೊಸದಾಗುತ್ತದೆ, 75ಕ್ಕೆ ಅದರ ಅರ್ಧಕ್ಕಿಂತ ಕಡಿಮೆ. ಹುಟ್ಟುವಾಗ ತಂದ ಹೃದಯದ ಕೋಶಗಳಲ್ಲಿ ಅರ್ಧಕ್ಕಿಂತ ಹೆಚ್ಚು ನಮ್ಮ ಜೊತೆಗೇ ಬರುತ್ತವೆ.

ಈಗ ಆ ದಾರಿ ತಪ್ಪಿದ ಕಥೆ. ಹೃದಯ ಸೋತಾಗ ದೇಹ ಅದನ್ನು ಅಡ್ರಿನಾಲಿನ್ ಬಗೆಯ ರಸಗಳಿಂದ ಎಬ್ಬಿಸಲು ನೋಡುತ್ತದೆ. ಬಡಿತ ಏರುತ್ತದೆ, ಬಿಗಿತ ಹೆಚ್ಚುತ್ತದೆ. ವೈದ್ಯರೂ ಅದೇ ದಿಕ್ಕಿನಲ್ಲಿ ಯೋಚಿಸಿದರು: ದುರ್ಬಲ ಹೃದಯಕ್ಕೆ ಬಲವಾಗಿ ಬಡಿಯುವಂತೆ ಮಾಡುವ ಮದ್ದು ಕೊಡಬೇಕು. ಏರಿನಲ್ಲಿ ದಣಿದು ನಿಂತ ಎತ್ತಿಗೆ ಬಾರುಕೋಲು ಬೀಸಿದರೆ ಅದು ನಾಲ್ಕು ಹೆಜ್ಜೆ ಇಡುತ್ತದೆ, ಆಮೇಲೆ ನೊಗದಲ್ಲೇ ಕುಸಿಯುತ್ತದೆ. ಮಿಲ್ರಿನೋನ್ ಎಂಬ ಅಂಥ ಮದ್ದನ್ನು ಗುಳಿಗೆಯಾಗಿ 1,088 ರೋಗಿಗಳಲ್ಲಿ ಪರೀಕ್ಷಿಸಿದ ಫಲಿತಾಂಶ 1991ರಲ್ಲಿ ಬಂತು. ಗುಳಿಗೆ ತೆಗೆದುಕೊಂಡವರಲ್ಲಿ ಸಾವು ಶೇ 28ರಷ್ಟು ಹೆಚ್ಚಿತ್ತು. ಅದಕ್ಕೂ ಹದಿನಾರು ವರ್ಷ ಮೊದಲು, 1975ರಲ್ಲಿ, ಸ್ವೀಡನ್ನಿನ ಗೋಥೆನ್‌ಬರ್ಗಿನ ಫಿನ್ ವಾಗ್‌ಸ್ಟೈನ್ ಮತ್ತು ಜೊತೆಗಾರರು ತದ್ವಿರುದ್ಧದ ಕೆಲಸ ಮಾಡಿದ್ದರು. ಸೋತ ಹೃದಯಕ್ಕೆ ಬೀಟಾ ಬ್ಲಾಕರ್ ಕೊಟ್ಟು ಅದರ ವೇಗ ತಗ್ಗಿಸಿದರು. ಏಳು ರೋಗಿಗಳ ಆ ವರದಿಯನ್ನು ಬಹಳ ಮಂದಿ ಒಪ್ಪಲಿಲ್ಲ. ಸೋತ ಹೃದಯಕ್ಕೆ ಬೀಟಾ ಬ್ಲಾಕರ್ ಕೊಡಕೂಡದು ಎಂದೇ ಪಠ್ಯಪುಸ್ತಕಗಳಲ್ಲಿ ಇತ್ತು. 1999ರಲ್ಲಿ 2,647 ರೋಗಿಗಳ ಯುರೋಪಿನ ಅಧ್ಯಯನ ಬಂದಾಗ ಬೈಸೊಪ್ರೊಲಾಲ್ ಎಂಬ ಬೀಟಾ ಬ್ಲಾಕರ್ ಪಡೆದವರಲ್ಲಿ ಸಾವು ಶೇ 34ರಷ್ಟು ಕಡಿಮೆಯಾಗಿತ್ತು. ಹೃದಯ ವೈಫಲ್ಯದ ಚಿಕಿತ್ಸೆಯಲ್ಲಿ ಇಂದು ಈ ಬಗೆಯ ಮದ್ದು ಇಲ್ಲದ ಚೀಟಿ ಅಪರೂಪ. ಇಪ್ಪತ್ತನಾಲ್ಕು ವರ್ಷ ಬೇಕಾಯಿತು. ನಡುವೆ ಹೋದ ಜೀವಗಳನ್ನು ನೆನೆದರೆ ಸಂಕಟವಾಗುತ್ತದೆ.

ದುಡಿಮೆಗೆ ಹೆದರಿ ಕುಳಿತುಬಿಟ್ಟವರಿಗೆ ಒಂದು ಲೆಕ್ಕ ಹೇಳಬೇಕು. ಹೃದಯಾಘಾತವಾದ 1,228 ಜನರನ್ನು ವಿಚಾರಿಸಿದ ಅಮೆರಿಕದ ಅಧ್ಯಯನ 1993ರಲ್ಲಿ ಬಂತು. ಭಾರೀ ದುಡಿಮೆಯ ನಂತರದ ಒಂದು ಗಂಟೆಯಲ್ಲಿ ಅಪಾಯ ಎಷ್ಟು ಪಟ್ಟು ಏರುತ್ತದೆ? ವಾರಕ್ಕೆ ಐದು ಅಥವಾ ಹೆಚ್ಚು ಸಲ ಮೈ ದಂಡಿಸುವವರಲ್ಲಿ 2.4 ಪಟ್ಟು. ವಾರಕ್ಕೆ ಒಮ್ಮೆಯೂ ದಂಡಿಸದವರಲ್ಲಿ 107 ಪಟ್ಟು. ಯಾವುದೇ ಒಂದು ಗಂಟೆಯಲ್ಲಿ ಒಬ್ಬರಿಗಿರುವ ಅಪಾಯ ಬಹಳ ಚಿಕ್ಕದು, ಹಾಗಾಗಿ ಈ ಅಂಕಿಗೆ ಗಾಬರಿಯಾಗಬೇಡಿ. ಇದು ಹೇಳುವುದು ದಿನವೂ ನಡೆಯಿರಿ ಎಂದು, ವರ್ಷವೆಲ್ಲ ಕುಳಿತು ಒಂದು ಭಾನುವಾರ ಗೆಳೆಯರ ಮಾತಿಗೆ ಬೆಟ್ಟ ಹತ್ತಬೇಡಿ ಎಂದು. ಜಿಮ್ಮಿಗೆ ಹೊಸದಾಗಿ ಸೇರಿದ ಹುಡುಗರು ಇನ್ನೊಂದನ್ನು ತಿಳಿದಿರಬೇಕು. ಮೊದಲ ದಿನವೇ ನೂರಾರು ಬಸ್ಕಿ ಹೊಡೆದು, ಮಾರನೆಯ ದಿನ ತೊಡೆ ಊದಿ, ಮೂತ್ರ ಕೋಲಾ ಬಣ್ಣಕ್ಕೆ ತಿರುಗಿದರೆ ತಡಮಾಡದೆ ಆಸ್ಪತ್ರೆಗೆ ಹೋಗಿ. ಒಡೆದ ಸ್ನಾಯುವಿನ ಮಯೋಗ್ಲೋಬಿನ್ ಎಂಬ ಪ್ರೋಟೀನ್ ಮೂತ್ರಪಿಂಡವನ್ನು ಕೆಡಿಸುತ್ತದೆ. ಎರಡನೆಯ ಮಹಾಯುದ್ಧದಲ್ಲಿ ಲಂಡನ್ನಿನ ಮೇಲೆ ಬಾಂಬ್ ಬಿದ್ದಾಗ ಗೋಡೆಯಡಿ ಸಿಕ್ಕಿ ಬದುಕಿ ಬಂದವರು ಕೆಲವು ದಿನದಲ್ಲಿ ಮೂತ್ರ ನಿಂತು ಸಾಯುವುದನ್ನು ಎರಿಕ್ ಬೈವಾಟರ್ಸ್ 1941ರಲ್ಲಿ ದಾಖಲಿಸಿದರು, ಅಲ್ಲೂ ಆದದ್ದು ಇದೇ.

ಹೃದಯ ವೈಫಲ್ಯದ ರೋಗಿಗಳನ್ನು ಹಿಂದೆ ಹಾಸಿಗೆಯಲ್ಲೇ ಇರಿಸುತ್ತಿದ್ದರು. ಅವರ ಸುಸ್ತಿನಲ್ಲಿ ದೊಡ್ಡ ಪಾಲು ಹೃದಯದ್ದಲ್ಲ, ಕಾಲುಗಳದ್ದು ಎಂಬುದು ನಿಧಾನಕ್ಕೆ ಗೊತ್ತಾಯಿತು. ಬಳಸದ ತೊಡೆ ಸವೆಯುತ್ತದೆ, ಮೈಟೊಕಾಂಡ್ರಿಯ ಕಳೆದುಕೊಳ್ಳುತ್ತದೆ, ಸಣ್ಣ ಕೆಲಸಕ್ಕೂ ಹೆಚ್ಚು ರಕ್ತ ಬೇಡುತ್ತದೆ, ಆ ಬೇಡಿಕೆ ಮೊದಲೇ ಸೋತ ಹೃದಯದ ಮೇಲೆ ಬೀಳುತ್ತದೆ. 2,331 ರೋಗಿಗಳಲ್ಲಿ ಕ್ರಮಬದ್ಧ ವ್ಯಾಯಾಮವನ್ನು ಪರೀಕ್ಷಿಸಿ 2009ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ಅದು ಸುರಕ್ಷಿತವೆಂದು ಕಂಡಿತು, ಲಾಭ ಸಾಧಾರಣವಾದರೂ ಇತ್ತು. ಈಗ ವೈದ್ಯರು ಔಷಧ ಬರೆದು ನಡಿಗೆಯನ್ನೂ ಹೇಳುತ್ತಾರೆ. ಎಷ್ಟು, ಯಾವ ವೇಗದಲ್ಲಿ, ಎಲ್ಲಿ ನಿಲ್ಲಬೇಕು ಎಂಬುದನ್ನು ಅವರಿಂದಲೇ ಕೇಳಿಕೊಳ್ಳಿ. ನಡೆಯುತ್ತಾ ಜೊತೆಯವರೊಡನೆ ಮಾತಾಡಲು ಉಸಿರು ಸಾಲದೆ ಹೋದರೆ ವೇಗ ಹೆಚ್ಚಾಯಿತೆಂದೇ ತಿಳಿಯಿರಿ. ಎದೆ ಬಿಗಿದರೆ, ತಲೆ ಸುತ್ತಿದರೆ, ರಾತ್ರಿ ಮಲಗಿದಾಗ ಉಸಿರು ಕಟ್ಟಿ ಎದ್ದು ಕೂರುವಂತಾದರೆ, ಸಂಜೆ ಪಾದ ಊದುತ್ತಿದ್ದರೆ ಅದನ್ನು ವಯಸ್ಸಿನ ಸುಸ್ತು ಎಂದು ತಳ್ಳಿಹಾಕದೆ ಡಾಕ್ಟರಿಗೆ ತೋರಿಸಿ.

ಯಾರ್ಡಿನಿಂದ ಬಂದಿರುವ ಗೆಳೆಯರ ಪ್ರಶ್ನೆಗಳನ್ನು ಮೊದಲು ತೆಗೆದುಕೊಳ್ಳೋಣ, ಅವರಿಗೆ ಕಡೆಯ ಬಸ್ಸು ಹಿಡಿಯಬೇಕಿದೆ.